ಹೆಸರು ಒಂದೇ, ಔಷಧಿ ಬೇರೆ

ರೋಯಿಂಗ್ ಎಂಬ ದೋಣಿ ಸ್ಪರ್ಧೆಯನ್ನು ನಮ್ಮಲ್ಲಿ ಕಣ್ಣಾರೆ ಕಂಡವರು ಕಡಿಮೆ. ಕಿರಿದಾದ ಉದ್ದನೆಯ ದೋಣಿಯಲ್ಲಿ ಕುಳಿತು, ಎರಡೂ ಕೈಗಳಿಂದ ಹುಟ್ಟು ಹಾಕುತ್ತಾ 2000 ಮೀಟರ್ ದೂರವನ್ನು ಏಳೆಂಟು ನಿಮಿಷಗಳಲ್ಲಿ ಕ್ರಮಿಸಬೇಕು. ನೋಡುವವರಿಗೆ ಇದು ತೋಳಿನ ಕಸರತ್ತಿನಂತೆ ಕಾಣುತ್ತದೆ. ಆದರೆ ಹೆಚ್ಚಿನ ಬಲ ಬರುವುದು ಕಾಲುಗಳಿಂದ. ಆಸನ ಗಾಲಿಗಳ ಮೇಲೆ ಹಿಂದೆ ಮುಂದೆ ಜಾರುತ್ತದೆ. ಮೊಣಕಾಲು ಮಡಿಸಿ ಜೋರಾಗಿ ಒದ್ದಾಗಲೇ ದೋಣಿ ಓಡುವುದು.

ಕೆನಡಾದ ಸಿಲ್ಕನ್ ಲೌಮನ್ ಈ ಕ್ರೀಡೆಯಲ್ಲಿ ಬಹಳ ದೊಡ್ಡ ಹೆಸರು. 1984ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ನಲ್ಲಿ ಅಕ್ಕನ ಜೊತೆಗೂಡಿ ಕಂಚು ಗೆದ್ದರು. 1991ರಲ್ಲಿ ಒಬ್ಬರೇ ನಡೆಸುವ ದೋಣಿಯಲ್ಲಿ ವಿಶ್ವ ಚಾಂಪಿಯನ್ ಆದರು. ಮರುವರ್ಷ ಮೇ ತಿಂಗಳಲ್ಲಿ, ಜರ್ಮನಿಯ ಎಸೆನ್‌ನಲ್ಲಿ ಸ್ಪರ್ಧೆಗೆ ಮುನ್ನ ಅಭ್ಯಾಸ ಮಾಡುತ್ತಿದ್ದಾಗ ಇನ್ನೊಂದು ದೋಣಿ ಬಂದು ಅಪ್ಪಳಿಸಿತು. ಬಲಗಾಲಿನ ಮೂಳೆ ಮುರಿದು, ಮಾಂಸಖಂಡ ಹರಿದು ಹೋಯಿತು. ಐದು ಶಸ್ತ್ರಚಿಕಿತ್ಸೆಗಳಾದವು. ಕಾಲೇ ಪ್ರಧಾನವಾದ ಆಟದಲ್ಲಿ ಇಂತಹ ಗಾಯವೆಂದರೆ ಕಥೆ ಮುಗಿದಂತೆಯೇ. ಆದರೂ ಎರಡೂವರೆ ತಿಂಗಳಲ್ಲಿ ಬಾರ್ಸಿಲೋನಾ ಒಲಿಂಪಿಕ್ಸ್‌ಗೆ ಇಳಿದು ಕಂಚಿನ ಪದಕ ಪಡೆದರು.

ಈ ಸಾಹಸವನ್ನು ಜಗತ್ತೆಲ್ಲ ಹೊಗಳಿತು. ಆದರೆ ನನ್ನಂತಹ ಸಾಮಾನ್ಯ ವೈದ್ಯನಿಗೆ ಆಕೆಯ ಬದುಕಿನ ಇನ್ನೊಂದು ಪುಟ ಹೆಚ್ಚು ಮುಖ್ಯವೆನಿಸುತ್ತದೆ. ಅದು ನೆಗಡಿಯ ವಿಷಯ.

1995ರಲ್ಲಿ ಅರ್ಜೆಂಟೀನಾದಲ್ಲಿ ನಡೆದ ಪ್ಯಾನ್ ಅಮೆರಿಕನ್ ಕ್ರೀಡಾಕೂಟದ ಹೊತ್ತಿಗೆ ಲೌಮನ್‌ಗೆ ನೆಗಡಿಯಾಗಿತ್ತು. ತಂಡದ ವೈದ್ಯರು ಸೂಚಿಸಿದ್ದು ಸಾದಾ ಬೆನಾಡ್ರಿಲ್. ಆಕೆ ತೆಗೆದುಕೊಂಡದ್ದೂ ಬೆನಾಡ್ರಿಲ್ಲೇ, ಆದರೆ ಅದೇ ಹೆಸರಿನ ಇನ್ನೊಂದು ಬಗೆ. ಅದರಲ್ಲಿ ಕಟ್ಟಿದ ಮೂಗು ಬಿಡಿಸುವ ಸ್ಯೂಡೋಎಫೆಡ್ರಿನ್ ಎಂಬ ವಸ್ತು ಸೇರಿತ್ತು. ಆಗಿನ ನಿಯಮದಂತೆ ಅದು ನಿಷಿದ್ಧ. ಮೂತ್ರ ಪರೀಕ್ಷೆಯಲ್ಲಿ ಅದು ಪತ್ತೆಯಾಯಿತು. ನಾಲ್ವರು ಸೇರಿ ಗೆದ್ದ ಚಿನ್ನದ ಪದಕವನ್ನು ನಾಲ್ವರೂ ಕಳೆದುಕೊಂಡರು.

'ನಮಗೂ ಇದಕ್ಕೂ ಏನು ಸಂಬಂಧ, ನಾವೇನು ದೋಣಿ ನಡೆಸುತ್ತೇವೆಯೇ?' ಎಂದು ನೀವು ಕೇಳಬಹುದು. ನಿಮ್ಮ ಮನೆಯ ಅಜ್ಜನವರು ಪದಕ ಕಳೆದುಕೊಳ್ಳಲಾರರು, ನಿಜ. ಅವರು ಕಳೆದುಕೊಳ್ಳಬಹುದಾದದ್ದು ಬೇರೆ ಇದೆ.

ನೆಗಡಿಯಾದಾಗ ಮೂಗು ಕಟ್ಟುವುದು ಸಿಂಬಳದಿಂದ ಮಾತ್ರವಲ್ಲ. ಮೂಗಿನ ಒಳಪದರದ ರಕ್ತನಾಳಗಳು ಹಿಗ್ಗಿ, ಪದರ ಊದಿಕೊಂಡು ಗಾಳಿಯ ದಾರಿ ಕಿರಿದಾಗುತ್ತದೆ. ಸ್ಯೂಡೋಎಫೆಡ್ರಿನ್ ಈ ನಾಳಗಳನ್ನು ಕುಗ್ಗಿಸುತ್ತದೆ. ಆದರೆ ನುಂಗಿದ ಮಾತ್ರೆಗೆ ಮೂಗು ಯಾವುದು, ಉಳಿದ ಮೈ ಯಾವುದು ಎಂಬ ಭೇದ ತಿಳಿಯದು. ಬೇರೆಡೆಯ ರಕ್ತನಾಳಗಳೂ ಕುಗ್ಗುತ್ತವೆ, ರಕ್ತದೊತ್ತಡ ಏರಬಹುದು, ಎದೆ ಡವಗುಟ್ಟಬಹುದು, ನಿದ್ರೆ ಹಾರಬಹುದು. ಪ್ರಾಸ್ಟೇಟ್ ಗ್ರಂಥಿ ದೊಡ್ಡದಾಗಿರುವ ವೃದ್ಧರಿಗೆ ಮೂತ್ರವೇ ಕಟ್ಟಿಕೊಳ್ಳಬಹುದು. ಹೃದ್ರೋಗ ಅಥವಾ ಗ್ಲಾಕೋಮಾ ಇರುವವರು ವೈದ್ಯರನ್ನು ಕೇಳದೆ ಇದನ್ನು ಮುಟ್ಟಬಾರದು. ಸಾದಾ ಬೆನಾಡ್ರಿಲ್‌ನಲ್ಲಿರುವ ಡೈಫೆನ್‌ಹೈಡ್ರಮಿನ್ ತೀರಾ ಬೇರೆ ಜಾತಿಯದು. ಅದು ತೂಕಡಿಕೆ ತರುತ್ತದೆ, ಕುಡಿದ ಮೇಲೆ ಸ್ಕೂಟರ್ ಏರುವುದು ಬೇಡ. ವೃದ್ಧರಿಗೆ ಅದೂ ಸುಲಭದ ಔಷಧಿಯೇನಲ್ಲ.

ನಮ್ಮ ಅಂಗಡಿಗಳಲ್ಲಿ ಸಿಗುವ ಅನೇಕ ನೆಗಡಿ ಮಾತ್ರೆಗಳಲ್ಲಿ ಮೂರು ನಾಲ್ಕು ಔಷಧಿಗಳು ಬೆರೆತಿರುತ್ತವೆ. ಜ್ವರಕ್ಕೆ ಪ್ಯಾರಸಿಟಮಾಲ್, ಸೀನಿಗೆ ಕ್ಲೋರ್‌ಫೆನಿರಮಿನ್, ಮೂಗಿಗೆ ಫೆನೈಲೆಫ್ರಿನ್. ಒಂದೇ ಹೆಸರಿನ ಹಿಂದೆ 'ಪ್ಲಸ್', 'ಕೋಲ್ಡ್', 'ಡಿ' ಎಂಬ ಬಾಲ ಅಂಟಿಕೊಂಡರೆ ಒಳಗಿನ ವಸ್ತುವೇ ಬದಲಾಗಿರಬಹುದು. ನೆಗಡಿ ಮಾತ್ರೆಯನ್ನೂ ಜ್ವರದ ಮಾತ್ರೆಯನ್ನೂ ಒಟ್ಟಿಗೆ ನುಂಗುವವರು ತಮಗೆ ಗೊತ್ತಿಲ್ಲದೆಯೇ ಎರಡು ಪಾಲು ಪ್ಯಾರಸಿಟಮಾಲ್ ಸೇವಿಸುತ್ತಿರುತ್ತಾರೆ. ಅದು ಅತಿಯಾದರೆ ಪೆಟ್ಟು ಬೀಳುವುದು ಯಕೃತ್ತಿಗೆ. ಕ್ಲೋರ್‌ಫೆನಿರಮಿನ್, ಫೆನೈಲೆಫ್ರಿನ್ ಎರಡೂ ಇರುವ ಮಿಶ್ರಣವನ್ನು ನಾಲ್ಕು ವರ್ಷದೊಳಗಿನ ಮಕ್ಕಳಿಗೆ ಕೊಡಬಾರದೆಂದು ಲೇಬಲ್ ಮೇಲೆ ಮುದ್ರಿಸುವಂತೆ 2023ರ ಡಿಸೆಂಬರ್‌ನಲ್ಲಿ ಕೇಂದ್ರದ ಔಷಧ ನಿಯಂತ್ರಣ ಇಲಾಖೆ ಆದೇಶಿಸಿತು. ದೊಡ್ಡ ಮಗುವಿಗೆ ತಂದ ಸಿರಪ್ಪನ್ನು ಚಿಕ್ಕದಕ್ಕೂ ಅರ್ಧ ಚಮಚ ಕುಡಿಸುವ ತಾಯಂದಿರು ಇದನ್ನು ಗಮನಿಸಬೇಕು.

ಇನ್ನೊಂದು ತೊಂದರೆ ನಮ್ಮದೇ ಅಭ್ಯಾಸದ್ದು. ಅಂಗಡಿಯವರು ಹತ್ತು ಮಾತ್ರೆಗಳ ಪಟ್ಟಿಯಿಂದ ನಾಲ್ಕನ್ನು ಕತ್ತರಿಸಿ ಕೊಡುತ್ತಾರೆ. ಹೆಸರು ಒಂದು ತುಂಡಿನಲ್ಲಿ, ತಾರೀಖು ಇನ್ನೊಂದರಲ್ಲಿ! 'ಡಾಕ್ಟ್ರೇ, ಇದೇ ಹಳದಿ ಮಾತ್ರೆ' ಎಂದು ರೋಗಿಗಳು ನನ್ನ ಮೇಜಿನ ಮೇಲೆ ಖಾಲಿ ತುಣುಕು ಇಡುತ್ತಾರೆ. ಹಳದಿ ಮಾತ್ರೆಗಳು ಎಷ್ಟಿಲ್ಲ? ಹೆಸರಿರುವ ತುಂಡನ್ನೇ ಕೇಳಿ ಪಡೆಯಿರಿ. ಸಾಧ್ಯವಾಗದಿದ್ದರೆ ಒಳಗಿನ ಔಷಧಿಗಳ ಹೆಸರನ್ನು ಚೀಟಿಯಲ್ಲಿ ಬರೆಸಿಕೊಳ್ಳಿ. ಬಿ.ಪಿ. ಇದೆಯೆಂದು ಅಂಗಡಿಯಲ್ಲೂ ಹೇಳಿ.

ಮಗ ಅಥವಾ ಮಗಳು ರಾಜ್ಯ, ರಾಷ್ಟ್ರ ಮಟ್ಟದಲ್ಲಿ ಆಡುತ್ತಿದ್ದರೆ ಇನ್ನೂ ಎಚ್ಚರ ಬೇಕು. ಸ್ಯೂಡೋಎಫೆಡ್ರಿನ್ 2004ರಲ್ಲಿ ನಿಷೇಧದ ಪಟ್ಟಿಯಿಂದ ಹೊರಬಂದು, 2010ರಲ್ಲಿ ಮತ್ತೆ ಒಳಸೇರಿತು. ಸ್ಪರ್ಧೆಯ ವೇಳೆ ಮೂತ್ರದಲ್ಲಿ ಪ್ರತಿ ಮಿಲಿಲೀಟರ್‌ಗೆ 150 ಮೈಕ್ರೋಗ್ರಾಂ ಮೀರಿದರೆ ತಪ್ಪಾಗುತ್ತದೆ. ಲೌಮನ್ ಆ ಆಘಾತವನ್ನೂ ದಾಟಿ 1996ರ ಅಟ್ಲಾಂಟಾದಲ್ಲಿ ಬೆಳ್ಳಿ ಗೆದ್ದರು. ಎಲ್ಲ ಮಕ್ಕಳಿಗೂ ಎರಡನೆಯ ಅವಕಾಶ ಸಿಗುವುದಿಲ್ಲ.

ಸಾಧಾರಣ ನೆಗಡಿ ಒಂದು ವಾರ, ಹತ್ತು ದಿನಗಳಲ್ಲಿ ತಾನಾಗಿ ಇಳಿಯುತ್ತದೆ. ಮೂಗಿಗೆ ಔಷಧಿ ಅಂಗಡಿಯ ಉಪ್ಪುನೀರಿನ ಹನಿ, ಬೆಚ್ಚಗಿನ ಸಾರು, ವಿಶ್ರಾಂತಿ ಸಾಕು. ಮನೆಯ ಹಿರಿಯರು ನೆಗಡಿ ಮಾತ್ರೆ ನುಂಗಿದ ಮೇಲೆ ಮೂತ್ರ ಕಟ್ಟಿ ಕಿಬ್ಬೊಟ್ಟೆ ಬಿಗಿದರೆ, ಎದೆನೋವು ಅಥವಾ ವಿಪರೀತ ತಲೆನೋವು ಕಾಣಿಸಿದರೆ, ಬೆಳಗಾಗಲಿ ಎಂದು ಕಾಯದೆ ಆ ಮಾತ್ರೆಯ ಪಟ್ಟಿಯ ಸಮೇತ ಆಸ್ಪತ್ರೆಗೆ ಕರೆದೊಯ್ಯಿರಿ.