ಟೇಪು ನೆನಪಿಟ್ಟುಕೊಂಡ ಚಿತ್ರ

ಮಕ್ಕಳೇ, ನಿಮ್ಮ ತಂದೆ ತಾಯಿ ಚಿಕ್ಕವರಿದ್ದಾಗ ಕಾರ್ಟೂನ್ ಚಿತ್ರಗಳು ವಿಡಿಯೊ ಕ್ಯಾಸೆಟ್‌ಗಳಲ್ಲಿಯೂ ಬರುತ್ತಿದ್ದವು. ಇವುಗಳಲ್ಲಿ ಹೆಚ್ಚು ಬಳಕೆಯಾದ ವಿಎಚ್‌ಎಸ್ ಕ್ಯಾಸೆಟ್ಟನ್ನು ಜಪಾನಿನ ಜೆವಿಸಿ ಕಂಪನಿ 1976ರಲ್ಲಿ ಮಾರುಕಟ್ಟೆಗೆ ತಂದಿತು. ಮುಂದೆ ಡಿವಿಡಿ ಬಂದಿತು, ಕ್ಯಾಸೆಟ್ ಮೂಲೆ ಸೇರಿತು. ಆದರೂ ಕೆಲವರು ಹಳೆಯ ಕ್ಯಾಸೆಟ್‌ಗಳನ್ನು ಹುಡುಕಿ ಸಂಗ್ರಹಿಸುತ್ತಾರೆ. ಏಕೆ?

ಟೇಪಿನಲ್ಲಿ ಚಿತ್ರ ಹೇಗೆ ಉಳಿಯುತ್ತದೆ?

ಮೂರು ಗಂಟೆಯ ಕ್ಯಾಸೆಟ್ಟಿನೊಳಗೆ ಸುಮಾರು 250 ಮೀಟರ್ ಉದ್ದದ, ಅರ್ಧ ಅಂಗುಲ ಅಗಲದ ಪ್ಲಾಸ್ಟಿಕ್ ಪಟ್ಟಿ ಇರುತ್ತದೆ. ಅದರ ಮೇಲೆ ಕಬ್ಬಿಣದ ಆಕ್ಸೈಡಿನ ಸೂಕ್ಷ್ಮ ಕಣಗಳನ್ನು ಅಂಟಿನಿಂದ ಲೇಪಿಸಿರುತ್ತಾರೆ. ಒಂದೊಂದು ಕಣವೂ ಒಂದು ಪುಟ್ಟ ಅಯಸ್ಕಾಂತ. ಈ ಅಯಸ್ಕಾಂತಗಳ ದಿಕ್ಕು ಬದಲಾಗುವ ಕ್ರಮದಲ್ಲಿಯೇ ಚಿತ್ರ ಅಡಗಿರುತ್ತದೆ. ಯಂತ್ರದಲ್ಲಿ ಗಿರಗಿರನೆ ತಿರುಗುವ ಉರುಳೆಯೊಂದು ಅದನ್ನು ಓದುತ್ತದೆ. ನಮ್ಮ ದೇಶದಲ್ಲಿ ಬಳಸಿದ ಯಂತ್ರಗಳಲ್ಲಿ ಈ ಉರುಳೆ ಸೆಕೆಂಡಿಗೆ 25 ಸುತ್ತು ತಿರುಗುತ್ತಿತ್ತು. ಸುತ್ತಿಗೊಂದು ಚಿತ್ರ!

ಹಳೆಯದೆಲ್ಲ ಅಪರೂಪವೇ?

ಇಲ್ಲ. ಡಿಸ್ನಿ ಕಂಪನಿಯ ಹೆಸರಾಂತ ಚಿತ್ರಗಳ ಕ್ಯಾಸೆಟ್‌ಗಳು ಲಕ್ಷಗಟ್ಟಲೆ ಮಾರಾಟವಾಗಿವೆ. ಬೇರೆಲ್ಲೂ ಸಿಗದ ಚಿತ್ರ ಇರುವ ಕ್ಯಾಸೆಟ್ಟೇ ನಿಜವಾಗಿ ಅಪರೂಪ.

ಒಂದು ಉದಾಹರಣೆ ನೋಡೋಣ. ರಿಚರ್ಡ್ ವಿಲಿಯಮ್ಸ್ ಎಂಬ ಕಲಾವಿದರು 1964ರಲ್ಲಿ ಲಂಡನ್ನಿನಲ್ಲಿ ಒಂದು ಚಿತ್ರವನ್ನು ಆರಂಭಿಸಿದರು. ಅದರ ಹೆಸರು ‘ದ ಥೀಫ್ ಅಂಡ್ ದ ಕಾಬ್ಲರ್’, ಅಂದರೆ ಕಳ್ಳ ಮತ್ತು ಚಮ್ಮಾರ. ಅದು ಮುಗಿಯುವ ಮೊದಲೇ, 1992ರಲ್ಲಿ, ಅವರ ಕೈತಪ್ಪಿತು. ಬೇರೆಯವರು ಅದನ್ನು ಕತ್ತರಿಸಿ, ಹಾಡುಗಳನ್ನು ಸೇರಿಸಿ 1993ರಲ್ಲಿ ಬಿಡುಗಡೆ ಮಾಡಿದರು. ಆದರೆ ವಿಲಿಯಮ್ಸ್ ಅವರ ಕರಡು ಚಿತ್ರದ ಪ್ರತಿಗಳು ವಿಡಿಯೊ ಟೇಪುಗಳಲ್ಲಿ ಕೈಯಿಂದ ಕೈಗೆ ದಾಟುತ್ತ ಉಳಿದುಕೊಂಡವು. ಇಂಥ ಪ್ರತಿಯ ನೆರವಿನಿಂದ ಅಭಿಮಾನಿಯೊಬ್ಬರು 2006ರಲ್ಲಿ ಮೂಲಕ್ಕೆ ಹತ್ತಿರವಾದ ರೂಪವನ್ನು ಜೋಡಿಸಿದರು.

ಕಾಯುವುದು ಹೇಗೆ?

ಕ್ಯಾಸೆಟ್ಟನ್ನು ಕಪಾಟಿನಲ್ಲಿ ಇಟ್ಟರಷ್ಟೇ ಸಾಲದು. ಕಾಲ ಕಳೆದಂತೆ ಟೇಪಿನ ಅಂಟು ತೇವ ಹೀರಿ ಜಿಗುಟಾಗಬಹುದು. ತೇವವಿದ್ದಲ್ಲಿ ಬೂಸ್ಟು ಹಿಡಿಯುತ್ತದೆ. ಕಣಗಳ ಅಯಸ್ಕಾಂತ ಶಕ್ತಿಯೂ ಕುಂದಬಹುದು. ಯಂತ್ರವೂ ಬೇಕಲ್ಲವೇ? ಇಂಥ ಯಂತ್ರಗಳನ್ನು ಕೊನೆಯವರೆಗೂ ತಯಾರಿಸುತ್ತಿದ್ದ ಜಪಾನಿನ ಫುನಾಯ್ ಕಂಪನಿ 2016ರಲ್ಲಿ ಅದನ್ನು ನಿಲ್ಲಿಸಿತು. ಆದ್ದರಿಂದ ತಿಳಿದ ಸಂಗ್ರಾಹಕರು ಟೇಪು ಓಡುತ್ತಿರುವಾಗಲೇ ಚಿತ್ರವನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳುತ್ತಾರೆ. ಟೇಪು ಹಾಳಾದರೂ ಚಿತ್ರ ಉಳಿಯುತ್ತದೆ.

ಯೋಚಿಸಿ, ಉತ್ತರಿಸಿ

1. ಕ್ಯಾಸೆಟ್ಟಿನ ಬಳಿ ಅಯಸ್ಕಾಂತವನ್ನು ಏಕೆ ಇಡಬಾರದು?
2. ಸೆಕೆಂಡಿಗೆ 25 ಚಿತ್ರಗಳಾದರೆ ಒಂದು ಗಂಟೆಗೆ ಎಷ್ಟು?
3. ನಿಮ್ಮ ಮನೆಯಲ್ಲಿ ಹಳೆಯ ಕ್ಯಾಸೆಟ್ ಇದೆಯೇ? ಅದರಲ್ಲಿ ಏನಿದೆ ಎಂದು ಹಿರಿಯರನ್ನು ಕೇಳಿ ಬರೆಯಿರಿ.