ಸರಕು ವಾಹನ: ತೂಕವೇ ವರ್ಗದ ಅಳತೆ
1988ರ ಮೋಟಾರು ವಾಹನ ಕಾಯ್ದೆ ಸರಕು ವಾಹನಗಳನ್ನು ವಿಂಗಡಿಸುವುದು ಗಾಡಿ ಮತ್ತು ಸರಕು ಸೇರಿದ ಒಟ್ಟು ತೂಕದ ಮೇಲೆ. 7,500 ಕೆ.ಜಿ. ಮೀರದಿದ್ದರೆ ಲಘು, 12,000 ಮೀರಿದರೆ ಭಾರಿ, ನಡುವಿನದು ಮಧ್ಯಮ. 66ನೇ ಸೆಕ್ಷನ್ ಪ್ರಕಾರ ಪರ್ಮಿಟ್ ಬೇಕು, 3,000 ಕೆ.ಜಿ. ಮೀರದ ಸರಕು ಗಾಡಿಗೆ ವಿನಾಯಿತಿ.

ಲಘು ವಾಹನದ ಲೈಸೆನ್ಸ್ ಇದ್ದವರು ಸರಕು ಗಾಡಿ ಓಡಿಸಬಹುದೇ? ಸಾವಿರಾರು ಚಾಲಕರ ಅನ್ನದ ಪ್ರಶ್ನೆಯಿದು. ಓಡಿಸಬಹುದೆಂದು ಸುಪ್ರೀಂ ಕೋರ್ಟಿನ 2017ರ ಮುಕುಂದ್ ದೇವಾಂಗನ್ ಪ್ರಕರಣದ ತೀರ್ಪು ಹೇಳಿತು. ವಿಮಾ ಕಂಪನಿಗಳು ತಕರಾರು ತೆಗೆದವು. 2024ರ ನವೆಂಬರ್ 6ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಅದನ್ನೇ ಎತ್ತಿಹಿಡಿಯಿತು. 7,500 ಕೆ.ಜಿ.ವರೆಗೆ ಲೈಸೆನ್ಸಿನಲ್ಲಿ ಪ್ರತ್ಯೇಕ ಅನುಮೋದನೆ ಬೇಡ. ಅಪಾಯಕಾರಿ ಸರಕಿಗೆ ಬೇರೆ ನಿಯಮ. ನ್ಯಾಯಯುತ ತೀರ್ಪು.

ಮಿತಿಮೀರಿ ಹೇರಿದರೆ 194ನೇ ಸೆಕ್ಷನ್: 20,000 ರೂ. ದಂಡ, ಹೆಚ್ಚುವರಿ ಪ್ರತಿ ಟನ್ನಿಗೆ ಮತ್ತೆ 2,000 ರೂ. ಪರ್ಮಿಟ್ ವಿನಾಯಿತಿಯ 3,000 ಮತ್ತು ಲಘು ವಾಹನದ 7,500 ಕೆ.ಜಿ. ಮಿತಿಗಳನ್ನು ಅದಲುಬದಲು ಮಾಡಿಕೊಳ್ಳಬೇಡಿ.