ತೀರ್ಪು ಬಂತು, ಬಾಗಿಲು ತೆರೆಯಲಿಲ್ಲ

ಅಕ್ಕಾ, ಇದು ಕಥೆಯಲ್ಲ, ನಡೆದದ್ದು.

ಬಿಹಾರದಲ್ಲಿ ರುದುಲ್ ಸಾಹ ಎಂಬವರು ಜೈಲಿನಲ್ಲಿದ್ದರು. 1968ರಲ್ಲಿ ಕೋರ್ಟು ಅವರು ತಪ್ಪಿತಸ್ಥರಲ್ಲ ಎಂದಿತು. ಆದರೂ ಜೈಲಿನವರು ಬಿಡಲಿಲ್ಲ. ಒಂದಲ್ಲ, ಎರಡಲ್ಲ, 14 ವರ್ಷ! 1982ರಲ್ಲಿ ಹೊರಗೆ ಬಂದರು. ಇದು ಅನ್ಯಾಯ ಅಂತ 1983ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಸರ್ಕಾರದಿಂದ 35 ಸಾವಿರ ರೂಪಾಯಿ ಪರಿಹಾರ ಕೊಡಿಸಿತು. ಕಳೆದುಹೋದ ವರ್ಷಗಳು ಬಂದಾವೆ?

ನಮ್ಮವರು ಜೈಲಿನಲ್ಲಿದ್ದರೆ ಅಳುತ್ತಾ ಕೂರಬಾರದು. ತೀರ್ಪಿನ ನಕಲು ಕೇಳೋಣ. ತಾರೀಖು ಓದೋಣ. ವಕೀಲರಿಗೆ ದುಡ್ಡಿಲ್ಲವೇ? ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಹೆಂಗಸರಿಗೂ, ಜೈಲಿನಲ್ಲಿರುವವರಿಗೂ ವಕೀಲರ ನೆರವು ಪುಕ್ಕಟೆ. 15100ಕ್ಕೆ ಫೋನ್ ಮಾಡಿಯೂ ಕೇಳಬಹುದು.

ಕಲಿತ ಅಕ್ಷರ ಇಂಥ ಹೊತ್ತಿಗೇ ಬೇಕು.

ಓದಿ, ಹೇಳಿ:
ರುದುಲ್ ಸಾಹ ಯಾವ ವರ್ಷ ಮನೆಗೆ ಹೋಗಬೇಕಿತ್ತು?